ಊಟದ ಮೇಜಿಗೆ ಬಂದ ಬಾವಿ

ಫೆಬ್ರವರಿ ೯

ಪ್ರೀತಿಯ ಅಪ್ಪ,

ಹೊಸ ಮನೆಯ ಹೊಸ ಮೇಜಿನ ಮೇಲೆ ಬರೆಯುತ್ತಿರುವ ಮೊದಲ ಕಾಗದ ಇದು. ಮೇಜಿಗೆ ನಾಲ್ಕು ಕಾಲುಗಳಿವೆ, ಅವುಗಳಲ್ಲಿ ಮೂರು ನೆಲ ಮುಟ್ಟುತ್ತವೆ. ನಾಲ್ಕನೆಯದರ ಕೆಳಗೆ ನಿಮ್ಮ ಅಳಿಯಂದಿರು ರಟ್ಟು ಮಡಚಿ ಇಟ್ಟಿದ್ದಾರೆ. ಎಷ್ಟು ನೀಟಾಗಿ ಮಡಚಿದ್ದಾರೆಂದರೆ ಆ ರಟ್ಟು ನೋಡಿಯೇ ನನಗೆ ಪ್ರೀತಿ ಉಕ್ಕಿ ಬಂತು. ನಗಬೇಡಿ! ಮದುವೆಯಾಗಿ ಇನ್ನೂ ತಿಂಗಳು ತುಂಬಿಲ್ಲ, ಏನು ನೋಡಿದರೂ ಹಾಗೇ ಆಗುತ್ತದೆ.

ಫೋನಿನಲ್ಲಿ ನೀವು “ಹೂಂ, ಚೆನ್ನಾಗಿದೀಯಾ? ತಗೋ, ಅಮ್ಮನ ಹತ್ರ ಮಾತಾಡು” ಎಂದು ತಪ್ಪಿಸಿಕೊಳ್ಳುತ್ತೀರಿ. ಕಾಗದವಾದರೆ ಕೂತು ಓದಲೇಬೇಕು, ಉತ್ತರವನ್ನೂ ಬರೆಯಬೇಕು. ನಾನು ಹಾಸ್ಟೆಲ್ಲಿನಲ್ಲಿದ್ದಾಗ ಬರೆಯುತ್ತಿದ್ದಿರಲ್ಲ, ಹಾಗೆ. ನನ್ನ ಅಕ್ಷರ ಇನ್ನೂ ಕಾಗೆ ಕಾಲು ಗುಬ್ಬಿ ಕಾಲು. ಇಂಗ್ಲಿಷ್ ಶಾಲೆಗೆ ಹಾಕಿದ್ದು ನೀವೇ, ಈಗ ಅನುಭವಿಸಿ.

ಮನೆ ಮೂರನೇ ಮಹಡಿಯಲ್ಲಿದೆ. ಕೆಳಗೆ ಟೈರು ರಿಪೇರಿ ಅಂಗಡಿ. ಬೆಳಗಿನಿಂದ ಸಂಜೆಯವರೆಗೆ ಯಾರೋ ಕಬ್ಬಿಣಕ್ಕೆ ಸುತ್ತಿಗೆಯಿಂದ ಹೊಡೆಯುತ್ತಲೇ ಇರುತ್ತಾರೆ. ಮೊದಲ ದಿನ ತಲೆ ಚಿಟ್ಟು ಹಿಡಿಯಿತು, ಈಗ ಅವರು ಊಟಕ್ಕೆ ಹೋದರೆ ನನಗೆ ಬೋರಾಗುತ್ತದೆ. ಅಡುಗೆಮನೆಯ ಕಿಟಕಿಯಿಂದ ಇವರ ಆಫೀಸಿನ ಮೆಟ್ಟಿಲು ಕಾಣುತ್ತದೆ. ಇವರು ಹತ್ತುವುದು, ಇಳಿಯುವುದು, ನಡುವೆ ಚಹಾಕ್ಕೆ ಬರುವುದು, ಎಲ್ಲವೂ ನನಗೆ ಫ್ರೀ ಶೋ.

ಆಫೀಸಿನ ಕೆಲಸ ಏನು ಗೊತ್ತೇ? ಊರೂರಿನಲ್ಲಿ ಚೂರುಚೂರಾಗಿ ಹಂಚಿಹೋದ ಹೊಲಗಳನ್ನು ಒಗ್ಗೂಡಿಸಿ, ಮನೆಗೊಂದು ದೊಡ್ಡ ತುಂಡು ಕೊಡುತ್ತಾರಲ್ಲ, ಆ ಹಂಚಿಕೆ ಸರಿಯಿಲ್ಲ ಎಂದು ಯಾರಾದರೂ ತಕರಾರು ತೆಗೆದರೆ ಮರುಪರಿಶೀಲನೆಗೆ ಬರುವುದು ಇಲ್ಲಿಗೇ. ಇವರು ಫೈಲು ಸಿದ್ಧಮಾಡಿ ಎರಡೂ ಕಡೆಯವರನ್ನು ಕರೆಸುತ್ತಾರೆ. ತೀರ್ಮಾನ ಕೊಡುವುದು ಮೇಲಿನ ಅಧಿಕಾರಿ. ಅವರನ್ನು ಎಲ್ಲರೂ ದೊಡ್ಡ ಮೇಡಂ ಎನ್ನುತ್ತಾರೆ. ಆದರೆ ಆಫೀಸಿನ ಒಂದೇ ಒಂದು ಕಥೆಯನ್ನೂ ಇವರು ಮನೆಗೆ ತರುವುದಿಲ್ಲ. ಕೇಳಿದರೆ “ಆ ಮೆಟ್ಟಿಲ ಹತ್ರಾನೇ ಬಿಟ್ಟು ಬರ್ತೀನಿ” ಎನ್ನುತ್ತಾರೆ. ನಾನು ಎಷ್ಟು ಬಾಯಿ ಬಿಡಿಸಲು ನೋಡಿದರೂ ಊಹೂಂ.

ನಮ್ಮ ಊರಿನ ಹಂಚಿಕೆ ಏನಾಯಿತು? ಮದುವೆ ಗಡಿಬಿಡಿಯಲ್ಲಿ ಯಾರೂ ಹೇಳಲಿಲ್ಲ. ಚಿಕ್ಕಪ್ಪ ಅಷ್ಟೊಂದು ಕುರ್ಚಿ ಹೊತ್ತರು, ನಿಮ್ಮ ಹತ್ತಿರ ಮಾತ್ರ ಒಂದು ಮಾತೂ ಆಡಲಿಲ್ಲ. ನಾನು ನೋಡಿದೆ.

ಸಾವಿರ ಮುತ್ತುಗಳೊಂದಿಗೆ,
ನಿಮ್ಮ ರೇಡಿಯೋ


ಫೆಬ್ರವರಿ ೧೮

ನನ್ನ ರೇಡಿಯೋಗೆ ಆಶೀರ್ವಾದಗಳು.

ಕಾಗದ ತಲುಪಿತು. ಅಮ್ಮ ಓದಿ ನಕ್ಕಳು, ಆಮೇಲೆ ಸೆರಗಿನಿಂದ ಕಣ್ಣೊರೆಸಿಕೊಂಡಳು. ಎರಡೂ ಒಂದೇ ಪುಟಕ್ಕೆ.

ನೀನು ಕೇಳಿದ್ದಕ್ಕೆ ಹೇಳುತ್ತೇನೆ. ಹಂಚಿಕೆಯ ಪಟ್ಟಿ ಅಂಟಿಸಿದರು. ಬಾವಿ ಹೊಲ ನಿನ್ನ ಚಿಕ್ಕಪ್ಪನಿಗೆ ಹೋಗಿದೆ. ಅದರ ಸುತ್ತ ಇರುವ ಚೂರುಗಳು ಅವನವಂತೆ, ಒಂದೇ ತುಂಡು ಮಾಡಲು ಅದೇ ಸುಲಭವಂತೆ. ನಮಗೆ ಕೆಳಗಿನ ಹೊಲ. ಅಳತೆಯಲ್ಲಿ ಸ್ವಲ್ಪ ಹೆಚ್ಚೇ ಇದೆ, ಆದರೆ ಅಲ್ಲಿ ಒಂದು ಹನಿ ನೀರಿಲ್ಲ. ಬಾವಿ ಇಲ್ಲದ ಹೊಲ ಇಟ್ಟುಕೊಂಡು ನಾನು ಏನು ಮಾಡಲಿ? ಈ ವಯಸ್ಸಿನಲ್ಲಿ ಮತ್ತೆ ಲಾರಿ ಓಡಿಸಲು ಹೋಗಬೇಕಾಗುತ್ತದೆ. ಕಣ್ಣು ಮೊದಲಿನಂತಿಲ್ಲ, ಸೊಂಟವಂತೂ ಬಿಡು.

ಮರುಪರಿಶೀಲನೆಗೆ ಅರ್ಜಿ ಹಾಕಿದ್ದೇನೆ. ಅದು ಬಂದಿರುವುದು ಅಳಿಯಂದಿರ ಆಫೀಸಿಗೇ. ಅವರಿಗೆ ನೀನು ಹೇಳಬೇಡ. ಮಗಳನ್ನು ಕೊಟ್ಟದ್ದೇ ಇದಕ್ಕೆ ಎಂದು ಊರಿನವರು ಆಡಿಕೊಳ್ಳುವುದು ನನಗೆ ಬೇಕಿಲ್ಲ. ಫೈಲು ಅವರ ಮೇಜಿಗೆ ಬಂದಾಗ ಅವರಿಗೇ ತಿಳಿಯುತ್ತದೆ. ಆಗ ಅವರಿಗೆ ಹೇಗೆ ತೋಚುತ್ತದೋ ಹಾಗೆ. ತೀರ್ಮಾನವಾಗುವವರೆಗೆ ಬಾವಿ ಹೊಲದಲ್ಲಿ ಇಬ್ಬರೂ ಬಿತ್ತುವಂತಿಲ್ಲ. ಬಿತ್ತನೆಗೆ ಮೊದಲು ಮುಗಿದರೆ ಸಾಕು.

ತಮ್ಮ ಮಾತಾಡುತ್ತಿಲ್ಲ. ಗೋಡೆಯಾಚೆ ಕೆಮ್ಮಿದರೆ ಇಲ್ಲಿ ಕೇಳಿಸುತ್ತದೆ, ಅಷ್ಟೇ ಸಂಬಂಧ.

ಹೊತ್ತಿಗೆ ಸರಿಯಾಗಿ ಊಟ ಮಾಡು.
ಅಪ್ಪ


ಮಾರ್ಚ್ ೬

ಅಪ್ಪಾ ಅಪ್ಪಾ ಅಪ್ಪಾ!

ಒಳ್ಳೆಯ ಸುದ್ದಿ ಇದೆ. ಅಮ್ಮನನ್ನೂ ಕೂರಿಸಿಕೊಂಡು ಓದಿ.

ನಿನ್ನೆ ದೊಡ್ಡ ಮೇಡಂ ನಮ್ಮ ಮನೆಗೆ ಊಟಕ್ಕೆ ಬಂದಿದ್ದರು! ಮದುವೆಗೆ ಬರಲಾಗಲಿಲ್ಲ, ಹುಡುಗಿಯನ್ನು ನೋಡಬೇಕು ಎಂದು ಅವರೇ ಹೇಳಿದರಂತೆ. ನಾನು ಮುಂಜಾನೆಯಿಂದ ಅಡುಗೆಮನೆಯಲ್ಲಿ ಯುದ್ಧ ಮಾಡಿದೆ. ಬದನೆಕಾಯಿ ಒಂದು ಕಡೆ ಸೀದುಹೋಯಿತು. ಸೀದ ಕಡೆಯನ್ನು ಕೆಳಗೆ ಮಾಡಿ ಬಡಿಸಿದೆ. ಮೇಡಂ ತೆಳ್ಳಗಿದ್ದಾರೆ, ಮಾತು ಅದಕ್ಕಿಂತ ತೆಳು. ಅವರು ಒಂದು ಮಾತಾಡಿದರೆ ನಾನು ಇಪ್ಪತ್ತು ಆಡುತ್ತಿದ್ದೆ. ಇವರು ಮೇಜಿನ ಕೆಳಗೆ ನನ್ನ ಕಾಲು ಒತ್ತುತ್ತಲೇ ಇದ್ದರು. ನಾನು ಅದನ್ನು ಪ್ರೀತಿ ಎಂದುಕೊಂಡೆ.

ಊಟದ ನಡುವೆ ಗ್ಯಾಸ್ ಮುಗಿಯಿತು. ಇವರು ಸಿಲಿಂಡರ್ ತರಲು ಕೆಳಗೆ ಓಡಿದರು. ಮನೆಯಲ್ಲಿ ನಾನು, ಮೇಡಂ ಇಬ್ಬರೇ. “ನಿಮ್ಮ ತಂದೆ ಏನ್ ಮಾಡ್ತಾರಮ್ಮ?” ಎಂದು ಕೇಳಿದರು. ಅಷ್ಟು ಸಾಕಲ್ಲ ನನಗೆ! ನೀವು ಅಳಿಯನಿಗೆ ಹೇಳಬೇಡ ಎಂದಿರಿ, ಮೇಡಂಗೆ ಹೇಳಬೇಡ ಎಂದಿರಲಿಲ್ಲ. ಹೇಗಿದೆ ನನ್ನ ಜಾಣತನ?

ಎಲ್ಲ ಹೇಳಿದೆ ಅಪ್ಪ. ನೀವು ಒಬ್ಬರೇ ಹಾರೆ ಹಿಡಿದು ಆ ಬಾವಿ ತೋಡಿದ್ದು, ಬಂಡೆ ಸಿಕ್ಕಾಗಲೂ ಬಿಡದೆ ಇದ್ದದ್ದು. ಪಂಪಿಗಾಗಿ ಅಮ್ಮ ತನ್ನ ಓಲೆ ಮಾರಿದ್ದು. ಇಷ್ಟು ವರ್ಷ ಆ ಹೊಲವನ್ನು ಹಸಿರಾಗಿಟ್ಟದ್ದು ನೀವೊಬ್ಬರೇ ಎನ್ನುವುದು. 

ಮೇಡಂ ಚಮಚ ಕೆಳಗಿಟ್ಟರು. “ಈ ಹೊಲ ಯಾವ ಊರಲ್ಲಿದೆ?” ಎಂದರು. ಹೇಳಿದೆ. “ತಂದೆ ಅರ್ಜಿ ಹಾಕಿದಾರಾ?” ಎಂದರು. “ಹೂಂ ಮೇಡಂ, ನಿಮ್ಮಲ್ಲೇ!” ಎಂದೆ. ಒಂದು ಲೋಟ ನೀರು ಕೇಳಿದರು, ಎದ್ದು ಕೈ ತೊಳೆದರು. ಇವರು ಸಿಲಿಂಡರ್ ಹೊತ್ತು ಏದುಸಿರು ಬಿಡುತ್ತ ಬಂದಾಗ ಮೇಡಂ ಚಪ್ಪಲಿ ಹಾಕಿಕೊಳ್ಳುತ್ತಿದ್ದರು. ಹಣ್ಣನ್ನೂ ತಿನ್ನಲಿಲ್ಲ. ಎಷ್ಟು ಮನ ಕರಗಿರಬೇಕು ನೋಡಿ!

ಇವರಿಗೆ ನಾನಿನ್ನೂ ಏನೂ ಹೇಳಿಲ್ಲ. ಗೆದ್ದ ಮೇಲೆ ಸರ್‌ಪ್ರೈಸ್.

ನಿಮ್ಮ ಜಾಣ,
ರೇಡಿಯೋ


ಮಾರ್ಚ್ ೧೪

ಅಪ್ಪ,

ಹಿಂದಿನ ಕಾಗದ ತಲುಪಿದ್ದರೆ ಅದನ್ನು ಯಾರಿಗೂ ತೋರಿಸಬೇಡಿ. ಹೇಗೆ ಹೇಳುವುದೋ ಗೊತ್ತಾಗುತ್ತಿಲ್ಲ. ಎರಡು ಸಲ ಬರೆದು ಹರಿದು ಹಾಕಿದೆ.

ಇವರು ಮೊನ್ನೆ ಆಫೀಸಿನಿಂದ ಬಂದವರು ಒಳಗೆ ಬರಲಿಲ್ಲ. ನಮ್ಮ ಮನೆಯ ಮೆಟ್ಟಿಲ ಮೇಲೆ ಕೂತಿದ್ದರು, ಒಂದು ಶೂ ಕೈಯಲ್ಲಿ, ಇನ್ನೊಂದು ಕಾಲಲ್ಲಿ. ಮೇಡಂ ಹತ್ತಿರ ನಾನು ಆಡಿದ್ದು ತಿಳಿದಿದೆ ಎಂದು ಮುಖದಲ್ಲೇ ಕಂಡಿತು, ಬೈಸಿಕೊಳ್ಳಲು ಸಿದ್ಧಳಾದೆ. ಅವರು ಬೈಯಲಿಲ್ಲ. ಅದಕ್ಕೇ ಹೆಚ್ಚು ಭಯವಾಯಿತು.

“ಒಂದು ಮಾತು ಕೇಳ್ತೀನಿ. ಅವತ್ತು ಆ ಮೇಜಿನ ಹತ್ರ ನಿಮ್ಮ ಚಿಕ್ಕಪ್ಪ ಇದ್ರಾ?” ಎಂದರು.

“ಅವರ್ಯಾಕೆ ಇರ್ತಾರೆ ನಮ್ಮನೇಲಿ?”

“ಅದೇ,” ಎಂದರು. ನನಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಚಿಕ್ಕಪ್ಪನಿಗೆ ಉತ್ತರ ಕೊಡಲು ಅವಕಾಶವೇ ಇಲ್ಲದ ಕಡೆ ನಾನು ಎಲ್ಲ ಹೇಳಿಬಿಟ್ಟಿದ್ದೆ.

ಮೇಡಂ ಮರುದಿನವೇ ನಿಮ್ಮ ಫೈಲು ತರಿಸಿಕೊಂಡು ಅದರಲ್ಲಿ ಬರೆದಿದ್ದಾರೆ: ವಿಚಾರಣೆಗೆ ಮೊದಲು, ಎದುರು ಪಕ್ಷದವರು ಇಲ್ಲದಿರುವಾಗ, ಅರ್ಜಿದಾರರ ಮಗಳಿಂದ ಈ ಮಾತುಗಳನ್ನು ಕೇಳಿದ್ದೇನೆ. ಕೆಳಗೆ ನನ್ನ ಮಾತುಗಳು. ಬಾವಿ, ಓಲೆ, ಹಸಿರು, ಎಲ್ಲ. ಅದರ ಪ್ರತಿ ನಿಮಗೂ ಚಿಕ್ಕಪ್ಪನಿಗೂ ಬರುತ್ತದೆ. ಇವರಿಗೆ ನಿಮ್ಮ ಫೈಲಿನ ಹತ್ತಿರ ಸುಳಿಯಬಾರದು ಎಂದಿದ್ದಾರೆ, ಅಷ್ಟರಲ್ಲಿ ಇವರೇ ಮಾವನ ಫೈಲು ಮುಟ್ಟುವುದಿಲ್ಲ ಎಂದು ಬರೆದುಕೊಟ್ಟಿದ್ದರಂತೆ.

ಭಯದ ವಿಷಯ ಇನ್ನು ಮುಂದಿದೆ. ಈ ಅಧಿಕಾರಿ ಒಂದು ಕಡೆಯ ಮಾತು ಮೊದಲೇ ಕೇಳಿಬಿಟ್ಟಿದ್ದಾರೆ, ಈ ಮೇಡಂ ಬೇಡ ಎನ್ನುವ ಹಕ್ಕು ಚಿಕ್ಕಪ್ಪನಿಗೆ ಇದೆ. ಅವರು ಹಾಗೆಂದರೆ ಫೈಲು ಬೇರೆ ಜಿಲ್ಲೆಯ ಅಧಿಕಾರಿಗೆ ಹೋಗುತ್ತದೆ. ಅಲ್ಲಿ ಸಾಲು ಎಷ್ಟು ಉದ್ದವಿದೆ ಎಂದು ಕೇಳಿದೆ. ಇವರು ಇನ್ನೊಂದು ಶೂ ಬಿಚ್ಚಿದರು. ಬಿತ್ತನೆ ಹೋಗುತ್ತದೆ ಅಪ್ಪ. ಈ ಸಲದ್ದು ಮಾತ್ರವೋ, ಮುಂದಿನ ಸಲದ್ದೂ ಸೇರಿಯೋ ಗೊತ್ತಿಲ್ಲ.

“ನಾನು ಸಹಾಯ ಮಾಡೋಣ ಅಂತ...” ಎಂದು ನಾನು ಅತ್ತೆ. “ಗೊತ್ತು,” ಎಂದರು. “ಮೇಡಂಗೂ ಗೊತ್ತು. ಅದಕ್ಕೇ ಬರೆದಿಟ್ರು. ಮುಚ್ಚಿಟ್ಟಿದ್ರೆ ಅವರಿಗೇನು ನಷ್ಟ ಇತ್ತು ಹೇಳು?”

ಟೈರು ಅಂಗಡಿಯವರ ಸುತ್ತಿಗೆ ಇವತ್ತು ತಲೆಯೊಳಗೇ ಬೀಳುತ್ತಿದೆ. ದಯವಿಟ್ಟು ಏನಾದರೂ ಬರೆಯಿರಿ. ಬೈದಾದರೂ ಬರೆಯಿರಿ.

ನಿಮ್ಮ ಮಗಳು


ಮಾರ್ಚ್ ೨೦

ಮಗಳಿಗೆ,

ನೋಟೀಸು ಬಂತು. ನನ್ನ ಮನೆಯ ಮಾತು, ಅಮ್ಮನ ಓಲೆಯ ಸಮೇತ, ಆಫೀಸಿನ ಮೊಹರಿನ ಕೆಳಗೆ. ಗೋಡೆಯಾಚೆಗೂ ಅದೇ ಬಂದಿದೆ. ನಿನ್ನ ಚಿಕ್ಕಮ್ಮ ಅದನ್ನು ಓದಿ ಹೇಳಿದ್ದು ನಮಗೆ ಕೇಳಿಸಿತು. ಮುಗಿದ ಮೇಲೆ ಅವನು ನಗಲಿಲ್ಲ, ಬೈಯಲಿಲ್ಲ. ಬೈದಿದ್ದರೆ ವಾಸಿಯಿತ್ತು.

ಬೇರೆಯವರ ಅಳಿಯಂದಿರು ಮಾವನಿಗೆ ಕುರ್ಚಿ ಎಳೆದು ಹಾಕುತ್ತಾರೆ. ನನ್ನ ಅಳಿಯಂದಿರು ತಾವೇ ಎದ್ದು ಹೊರಗೆ ಹೋದರಂತೆ. ಅವರದು ತಪ್ಪೆನ್ನುವುದಿಲ್ಲ. ನಾನು ಹೇಳುತ್ತಿರುವುದು ಅಷ್ಟೇ.

ಅವನು ಇನ್ನು ಬೇರೆ ಅಧಿಕಾರಿ ಬೇಕು ಎನ್ನುತ್ತಾನೆ, ನೋಡುತ್ತಿರು. ನಾನಾಗಿದ್ದರೂ ಹಾಗೇ ಅನ್ನುತ್ತಿದ್ದೆ. ಲಾರಿ ಮಾಲೀಕರಿಗೆ ಹೇಳಿ ಕಳಿಸಬೇಕು.

ಸದ್ಯಕ್ಕೆ ನೀನು ಬರೆಯಬೇಡ.
ಅಪ್ಪ


ಮಾರ್ಚ್ ೨೭

ಚಿಕ್ಕಪ್ಪನಿಗೆ ನಮಸ್ಕಾರಗಳು.

ನನ್ನ ಕಾಗದ ನೋಡಿ ನಿಮಗೆ ಆಶ್ಚರ್ಯವಾಗಬಹುದು. ಅಪ್ಪನ ಪರವಾಗಿ ಬೇಡಿಕೊಳ್ಳಲು ಬರೆಯುತ್ತಿಲ್ಲ. ಇದರದೇ ಇನ್ನೊಂದು ಪ್ರತಿ ಅಪ್ಪನಿಗೂ, ಮತ್ತೊಂದು ಮೇಡಂ ಫೈಲಿಗೂ ಹೋಗುತ್ತಿದೆ. ಇನ್ನು ಮೇಲೆ ಒಬ್ಬರಿಗೆ ಹೇಳಿದ್ದು ಎಲ್ಲರಿಗೂ ಗೊತ್ತಾಗಬೇಕು ಎಂದು ನಮ್ಮ ಮನೆಯವರು ಹೇಳಿದರು.

ನೋಟೀಸಿನಲ್ಲಿ ನಾನು ಆಡಿದ ಮಾತುಗಳಿವೆ. ಆದರೆ ಒಂದು ಮಾತು ಬಿಟ್ಟುಹೋಗಿದೆ. ಮೇಡಂ ಕೈ ತೊಳೆಯಲು ಎದ್ದಾಗ ನಾನು ಹಿಂದಿನಿಂದ ಅಂದಿದ್ದೆ, “ನಮ್ಮ ಚಿಕ್ಕಪ್ಪ ಇದಾರಲ್ಲ ಮೇಡಂ, ಬಾವಿ ಕಟ್ಟೆ ಮೇಲೆ ಕೂತು ಸಿಗರೇಟು ಸೇದೋದು ಬಿಟ್ರೆ ಆ ಹೊಲಕ್ಕೆ ಏನೂ ಮಾಡಿಲ್ಲ.” ನಗಿಸಲು ಅಂದದ್ದು. ನಲ್ಲಿ ನೀರು ಸುರಿಯುತ್ತಿತ್ತು, ಅವರು ನಗಲಿಲ್ಲ.

“ಮೇಡಂ ಬರೆದಿಲ್ಲ ಅಂದ್ರೆ ಕೇಳಿಸ್ಕೊಂಡಿಲ್ಲ ಅಂತ ಕಾಣುತ್ತೆ” ಎಂದರು ನಮ್ಮ ಮನೆಯವರು. ನಾನು ಒಂದು ದಿನ ಹಾಗೇ ಅಂದುಕೊಂಡು ನೆಮ್ಮದಿಯಾಗಿದ್ದೆ. ಆಮೇಲೆ ಅನಿಸಿತು, ಕೇಳಿಸಿಕೊಂಡೂ ಬರೆಯುವಾಗ ನೆನಪಾಗದಿದ್ದರೆ? ಮನಸ್ಸಿನಲ್ಲಿ ಎಲ್ಲೋ ಉಳಿದುಬಿಟ್ಟಿದ್ದರೆ? ಅದು ಅಲ್ಲಿ ಇರುವುದೇ ನಿಮಗೆ ಗೊತ್ತಿಲ್ಲದಿದ್ದರೆ ನೀವು ಅದಕ್ಕೆ ಉತ್ತರ ಕೊಡುವುದಾದರೂ ಹೇಗೆ? ಅದನ್ನು ಯೋಚಿಸಿ ಊಟ ಸೇರಲಿಲ್ಲ. ಅದಕ್ಕೇ ಬರೆದೆ.

ಬೇರೆ ಅಧಿಕಾರಿ ಬೇಕು ಎಂದು ನೀವು ಕೇಳಿದರೆ ಅದು ನ್ಯಾಯವೇ. ಹಾಗೆ ಕೇಳಬೇಡಿ ಎಂದು ಹೇಳಲು ನನಗೆ ಬಾಯಿಲ್ಲ. ಆ ಸಿಗರೇಟಿನ ಮಾತಿಗೆ ಮಾತ್ರ ಕ್ಷಮೆ ಕೇಳುತ್ತೇನೆ. ಮದುವೆಯ ದಿನ ನೀವು ಹೊತ್ತು ತಂದ ಕುರ್ಚಿಯ ಮೇಲೇ ನಾನು ಕೂತಿದ್ದೆ.

ಚಿಕ್ಕಮ್ಮನಿಗೆ ನಮಸ್ಕಾರ ತಿಳಿಸಿ.
ನಿಮ್ಮ ಅಣ್ಣನ ಮಗಳು


ಏಪ್ರಿಲ್ ೫

ಮಗಳಿಗೆ ಚಿಕ್ಕಪ್ಪನ ಆಶೀರ್ವಾದಗಳು.

ನನಗೆ ಬರೆಯುವುದು ಬಾರದು. ನಾನು ಹೇಳುತ್ತೇನೆ, ನಿನ್ನ ಚಿಕ್ಕಮ್ಮ ಬರೆಯುತ್ತಾಳೆ. ನಡುವೆ ಅವಳ ಮಾತೂ ನುಸುಳಿದರೆ ನೀನೇ ಗುರುತು ಹಿಡಿ.

ನೀನು ಎಲ್ಲರಿಗೂ ಪ್ರತಿ ಕಳಿಸಿದ ಹಾಗೆ ಇದನ್ನೂ ಎಲ್ಲರಿಗೂ ಕಳಿಸುತ್ತಿದ್ದೇನೆ. ಅಣ್ಣನದನ್ನು ಗೋಡೆಯ ಮೇಲಿಂದ ಎಸೆಯಬಹುದಿತ್ತು. ಚಿಕ್ಕಮ್ಮ ಅಂಚೆಯಲ್ಲೇ ಹೋಗಲಿ ಎಂದಳು.

ಸಿಗರೇಟಿನ ವಿಷಯಕ್ಕೆ ಕ್ಷಮೆ ಬೇಡ. (ಅದೊಂದು ನಿಜ. ಈಗಲೂ ಸೇದುತ್ತಾರೆ. ಬೈದು ಬರೆ.) ಓಲೆಯ ಮಾತೂ ನಿಜ, ಅತ್ತಿಗೆಯ ಓಲೆಯಿಂದಲೇ ಪಂಪು ಬಂತು. ಅದನ್ನು ನಾನು ಎಲ್ಲಿ ಬೇಕಾದರೂ ಹೇಳುತ್ತೇನೆ.

ಬಾವಿಯ ಮಾತಿಗೆ ಬಾ. ಅಣ್ಣ ಒಬ್ಬನೇ ತೋಡಿದ ಎಂದಿದ್ದೀಯ. ನೀನು ಆಗ ಹುಟ್ಟಿರಲಿಲ್ಲ ಮಗಳೇ. ಕೆಳಗೆ ಹಾರೆ ಹಿಡಿದು ಇಳಿದವನು ನಾನು, ಮೈ ಸಣ್ಣದಾಗಿತ್ತು ಎಂದು. ಅಣ್ಣ ಮೇಲೆ ನಿಂತು ಬುಟ್ಟಿ ಎಳೆಯುತ್ತಿದ್ದ. ಎಳೆಯುವುದೂ ಕಷ್ಟವೇ, ಅವನ ಅಂಗೈ ಸುಲಿದಿತ್ತು. ಆದರೆ ಒಬ್ಬನೇ ಅಲ್ಲ.

ಇನ್ನು ಹಸಿರಿನ ಮಾತು. ನಿನ್ನನ್ನು ಇಂಗ್ಲಿಷ್ ಶಾಲೆಗೆ, ಹಾಸ್ಟೆಲ್ಲಿಗೆ ಸೇರಿಸಿದಾಗ ಅಣ್ಣ ಲಾರಿ ಹತ್ತಿದ. ನೀನು ಓದಿ ಮುಗಿಸುವವರೆಗೂ ತಿಂಗಳಿಗೊಮ್ಮೆ ಮನೆಗೆ ಬಂದರೆ ಹೆಚ್ಚು. ಅಷ್ಟೂ ವರ್ಷ ಎರಡೂ ಮನೆಯ ಹೊಲ ಉತ್ತವನು, ನೀರು ಕಟ್ಟಿದವನು ನಾನು. (ನಾವು. ನಾನೂ ನೀರು ಕಟ್ಟಿದ್ದೇನೆ.) ನೀನು ರಜೆಗೆ ಬಂದಾಗ ಅಣ್ಣನೂ ರಜೆ ಹಾಕಿ ಬರುತ್ತಿದ್ದ. ಹೊಲದಲ್ಲಿ ಅಣ್ಣ ಇರುತ್ತಿದ್ದ, ಕಟ್ಟೆಯ ಮೇಲೆ ನಾನು. ನಿನ್ನ ಕಣ್ಣಿಗೆ ಬಿದ್ದದ್ದು ಅದು. ನಿನ್ನ ತಪ್ಪಲ್ಲ.

ಈಗ ಅಧಿಕಾರಿಯ ಮಾತು. ಊರಿನಲ್ಲಿ ನಾಲ್ಕು ಜನ ಬಂದು “ಆ ಮೇಡಂ ಬೇಡ ಅಂತ ಬರ್ದುಬಿಡು, ನಿನ್ ಕೈ ಮೇಲಾಗುತ್ತೆ” ಎಂದರು. ನಾನು ಯೋಚಿಸಿದೆ. ಆಕೆ ಬಾಯಿ ಮುಚ್ಚಿಕೊಂಡಿದ್ದರೆ ನನಗೆ ಈ ಜನ್ಮದಲ್ಲಿ ತಿಳಿಯುತ್ತಿರಲಿಲ್ಲ. ಬೇರೆಯವರು ಯಾರ ಮನೆಯಲ್ಲಿ ಉಂಡಿದ್ದಾರೋ, ಯಾರ ಮಾತು ಕೇಳಿದ್ದಾರೋ, ನನಗೇನು ಗೊತ್ತು? ನನಗೆ ಈ ಮೇಡಮ್ಮೇ ಇರಲಿ. ಹಾಗೆಂದು ಬರೆಸಿ ಹೆಬ್ಬೆಟ್ಟು ಒತ್ತಿ ಕಳಿಸಿದ್ದೇನೆ. ಮೇಲೆ ಹೇಳಿದ ಎರಡು ಉತ್ತರವನ್ನೂ ಅಲ್ಲಿ, ಅಣ್ಣನ ಎದುರಿಗೇ ಹೇಳುತ್ತೇನೆ.

ಬಾವಿ ಮಾತ್ರ ಬಿಡುವುದಿಲ್ಲ. ಅದು ಬೇರೆ, ಇದು ಬೇರೆ.

ಚಿಕ್ಕಪ್ಪ (ಮತ್ತು ಚಿಕ್ಕಮ್ಮ. ಬದನೆಕಾಯಿ ಸಣ್ಣ ಉರಿಯಲ್ಲಿ ಮಾಡು.)


ಏಪ್ರಿಲ್ ೨೩

ಪ್ರೀತಿಯ ಅಪ್ಪ,

ಬರೆಯಬೇಡ ಎಂದಿದ್ದಿರಿ. ತಡೆಯಲಾಗಲಿಲ್ಲ.

ವಿಚಾರಣೆಯ ದಿನ ಇವರು ರಜೆ ಹಾಕಿದ್ದರು. ಆಫೀಸಿನಲ್ಲಿ ಇರಲೇಬಾರದು ಎಂದು. ಬೆಳಗಿನಿಂದ ಇದೇ ಮೇಜಿನ ಹತ್ತಿರ ಕೂತು ಆಲೂಗಡ್ಡೆ ಸಿಪ್ಪೆ ತೆಗೆದರು. ಎಷ್ಟು ತೆಗೆದರೆಂದರೆ ನಾವು ಇವತ್ತಿಗೂ ಆಲೂಗಡ್ಡೆಯನ್ನೇ ತಿನ್ನುತ್ತಿದ್ದೇವೆ. ನಾನು ಕಿಟಕಿ ಬಿಟ್ಟು ಕದಲಲಿಲ್ಲ. “ಅಲ್ಲಿ ಏನ್ ನೋಡ್ತೀಯ, ಬಾ” ಎನ್ನುತ್ತಿದ್ದರು. ಮತ್ತೆ ಅವರೇ ಬೆನ್ನು ತಿರುಗಿಸಿಕೊಂಡು “ಬಂದ್ರಾ?” ಎಂದು ಕೇಳುತ್ತಿದ್ದರು.

ನೀವು ಬಂದಿರಿ. ನೀಲಿ ಅಂಗಿ, ಮದುವೆಯದು. ಮೆಟ್ಟಿಲಿನ ಕೆಳಗೆ ಚಪ್ಪಲಿಯ ಮಣ್ಣು ಒರೆಸಿಕೊಂಡಿರಿ. ಸ್ವಲ್ಪ ಹೊತ್ತಿಗೆ ಚಿಕ್ಕಪ್ಪ ಬಂದರು. ನೀವಿಬ್ಬರೂ ಒಂದೇ ಬಸ್ಸಿನಲ್ಲಿ ಬಂದು, ಮುಂದೆ ಒಬ್ಬರು ಹಿಂದೆ ಒಬ್ಬರು ನಡೆದಿರಬೇಕು. ಬಾಗಿಲಲ್ಲಿ ನೀವು ನಿಂತಿರಿ. ಅವರೂ ನಿಂತರು. ಯಾರು ಮೊದಲು ಒಳಗೆ ಹೋಗುವುದು ಎಂದು ಇಬ್ಬರಿಗೂ ತಿಳಿಯಲಿಲ್ಲ. ನನಗೆ ಅಲ್ಲಿಂದಲೇ ಕೂಗಿಬಿಡೋಣ ಎನಿಸಿತು. ಬಾಯಿಗೆ ಸೆರಗು ಒತ್ತಿ ಹಿಡಿದುಕೊಂಡೆ. ನಾನು ಬಾಯಿ ಮುಚ್ಚಿದ್ದು ನೋಡಿ ಇವರಿಗೆ ಅವತ್ತು ಮೊದಲ ಸಲ ನಗು ಬಂತು.

ಒಳಗೆ ತುಂಬಾ ಹೊತ್ತಾಯಿತು. ಒಳ್ಳೆಯದೋ ಕೆಟ್ಟದ್ದೋ ಎಂದು ಇವರನ್ನು ಕೇಳಿದೆ. “ಹೊತ್ತಾಯ್ತು ಅಂದ್ರೆ ಕೇಳ್ತಿದಾರೆ ಅಂತ, ಅಷ್ಟೇ” ಎಂದರು.

ನಾನು ಅಡುಗೆ ಮಾಡಿಟ್ಟಿದ್ದೆ ಅಪ್ಪ. ಚಿಕ್ಕಪ್ಪನಿಗೂ ಸೇರಿಸಿ. ನೀವು ಇಳಿದು ಬಂದು ಟೈರು ಅಂಗಡಿಯ ಮುಂದೆ ನಿಂತಿರಿ. ತಲೆ ಎತ್ತಿ ಮೂರನೇ ಮಹಡಿ ನೋಡಿದಿರಿ. ನಾನು ಕೈ ಬೀಸಿದೆ. ಕಂಡಿತೋ ಇಲ್ಲವೋ. ಬಿಸಿಲು ಕಿಟಕಿಯ ಗಾಜಿಗೆ ಹೊಡೆಯುತ್ತಿತ್ತು, ಕಂಡಿರಲಿಕ್ಕಿಲ್ಲ ಎಂದುಕೊಂಡಿದ್ದೇನೆ. ಆಮೇಲೆ ನೀವು ಬಸ್ ನಿಲ್ದಾಣದ ಕಡೆ ನಡೆದಿರಿ.

ಚಿಕ್ಕಪ್ಪ ಬರೆದದ್ದು ನಿಮಗೂ ಬಂದಿರುತ್ತದೆ. ಅದು ನಿಜವೇ ಎಂದು ಕೇಳಬೇಕೆಂದಿದ್ದೆ. ಈಗ ಕೇಳುವುದಿಲ್ಲ. ಒಂದನ್ನು ಮಾತ್ರ ಕೇಳುತ್ತೇನೆ. ನೀವು ಲಾರಿ ಓಡಿಸಿದ್ದು ಗೊತ್ತಿತ್ತು, ಅಷ್ಟೂ ವರ್ಷ ಎಂದು ಗೊತ್ತಿರಲಿಲ್ಲ. ನನ್ನ ಹಾಸ್ಟೆಲ್ ಕಾಗದಗಳಲ್ಲಿ ಒಂದರಲ್ಲೂ ನೀವು ಲಾರಿಯ ಮಾತು ಬರೆಯಲಿಲ್ಲ. ಪ್ರತಿ ಸಲವೂ ಹೊಲ ಹೇಗಿದೆ ಎಂದೇ ಬರೆಯುತ್ತಿದ್ದಿರಿ. ಊರಲ್ಲಿಲ್ಲದೆ ಹೇಗೆ ಬರೆಯುತ್ತಿದ್ದಿರಿ? ಚಿಕ್ಕಪ್ಪ ಹೇಳುತ್ತಿದ್ದರಾ?

ಅಮ್ಮ ಫೋನಿನಲ್ಲಿ “ಅಪ್ಪ ಹೊರಗಿದಾರೆ” ಎನ್ನುತ್ತಾಳೆ. ಯಾವಾಗ ಮಾಡಿದರೂ ಹೊರಗೇ.

ಆದೇಶ ಹೇಗೆ ಬಂದರೂ ಬರೆಯಿರಿ.
ನಿಮ್ಮ ಮಗಳು


ಮೇ ೧೭

ಮಗಳೇ,

ಆದೇಶ ಬಂತು. ಬಾವಿ ಹೊಲ ತಮ್ಮನಿಗೇ ಉಳಿಯಿತು.

ನೀನು ಕೊನೆಯ ಸಾಲಿಗೆ ಹಾರಿ ಓದುವವಳು ಎಂದು ಅದನ್ನು ಮೊದಲೇ ಬರೆದೆ. ಈಗ ನಿಧಾನವಾಗಿ ಓದು.

ಅವತ್ತು ಮೇಡಂ ನಮ್ಮಿಬ್ಬರನ್ನೂ ಒಂದೇ ಬೆಂಚಿನ ಮೇಲೆ ಕೂರಿಸಿದರು. ಇಬ್ಬರಿಗೂ ಒಂದೇ ಅಳತೆಯ ಹೊತ್ತು ಎಂದರು. ಮೊದಲು ನಾನು. ಯಾರಾದರೂ ನಡುವೆ ತಡೆಯುತ್ತಾರೆ, ಆಗ ಜೋರು ಮಾಡಬೇಕು ಎಂದು ಸಿದ್ಧವಾಗಿ ಹೋಗಿದ್ದೆ. ಯಾರೂ ತಡೆಯಲಿಲ್ಲ. ಹೊತ್ತು ಮುಗಿಯುವ ಮೊದಲೇ ನನ್ನ ಮಾತು ಮುಗಿಯಿತು.

ಆಮೇಲೆ ತಮ್ಮ. ಲಾರಿಯ ವರ್ಷಗಳ ಮಾತು ತೆಗೆದ. “ಅದೆಲ್ಲ ಯಾಕೀಗ?” ಎಂದೆ. ಮೇಡಂ “ನಿಮಗೆ ಇನ್ನೊಂದು ಸರದಿ ಇದೆ. ಇದು ಅವರದು” ಎಂದರು. ಮತ್ತೆ ಬಾಯಿ ಹಾಕಿದೆ, ಮತ್ತೆ ಅದೇ ಮಾತು, ಅದೇ ದನಿಯಲ್ಲಿ. ಮೂರನೇ ಸಲ ತಮ್ಮನೇ ತಿರುಗಿ “ಅಣ್ಣ, ನಿಂದು ಆಯ್ತಲ್ಲ” ಎಂದ. ಸುಮ್ಮನೆ ಕೂತೆ. ಅವನ ಮಾತನ್ನು ಕೊನೆಯವರೆಗೂ ಕೇಳಿದ್ದು ಅದೇ ಮೊದಲು ಎಂದು ಬರೆದರೆ ನೀನು ಅಳುತ್ತೀಯ, ಅದಕ್ಕೆ ಬರೆಯುವುದಿಲ್ಲ.

ನನ್ನ ಸರದಿ ಮತ್ತೆ ಬಂದಾಗ ಮೇಡಂ, ನಿಮ್ಮ ತಮ್ಮ ಹೇಳಿದ್ದು ಸುಳ್ಳೇ ಎಂದು ಕೇಳಿದರು. ಅಲ್ಲ ಎಂದೆ. ನೀನು ಕೇಳದೆ ಬಿಟ್ಟದ್ದಕ್ಕೂ ಅದೇ ಉತ್ತರ. ಹೊಲದ ಸುದ್ದಿಯನ್ನು ಅವನೇ ಹೇಳುತ್ತಿದ್ದ. ಯಾವುದೋ ಊರಿನ ಫೋನ್ ಅಂಗಡಿಯಿಂದ ಅವನಿಗೆ ಫೋನ್ ಮಾಡಿ ಕೇಳಿಕೊಂಡು ನಿನಗೆ ಬರೆಯುತ್ತಿದ್ದೆ.

ನಿನ್ನ ಕೈ ಕಂಡಿತು. ಬರಲಿಲ್ಲ. ತಮ್ಮ ಹಿಂದೆ ನಿಂತಿದ್ದ. ಅವನ ಕಣ್ಣೆದುರು ಆಫೀಸಿನವರ ಮನೆಗೆ ಹೇಗೆ ಹತ್ತಲಿ? ನೀನೂ ಬಾ ಎಂದು ಅವನನ್ನು ಕರೆಯಲು ಬಾಯಿ ಬರಲಿಲ್ಲ.

ಆದೇಶ ಆರು ಪುಟ ಇದೆ. ಒಂದು ಪುಟದಲ್ಲಿ ನಾನು ಹೇಳಿದ್ದು, ಹೇಳಿದ ಹಾಗೆಯೇ. ಒಂದು ಪುಟದಲ್ಲಿ ಅವನು ಹೇಳಿದ್ದು. ಉಳಿದದ್ದರಲ್ಲಿ ಯಾಕೆ ಹೀಗೆ ಎನ್ನುವುದು. ನೀರು ದಿನ ಬಿಟ್ಟು ದಿನ ನನಗೂ ಬಿಡಬೇಕೆಂದು ಬರೆದಿದ್ದಾರೆ. ಲಾರಿ ಮಾಲೀಕರಿಗೆ ಇನ್ನೂ ಹೇಳಿ ಕಳಿಸಿಲ್ಲ. ಅಮ್ಮನಿಂದ ಆರೂ ಪುಟ ಎರಡೆರಡು ಸಲ ಓದಿಸಿದೆ, ಈಚೆಗೆ ಸಣ್ಣ ಅಕ್ಷರ ನನಗೆ ಕಾಣುವುದಿಲ್ಲ. ಐದನೇ ಪುಟ ನನಗೆ ಒಪ್ಪಿಗೆಯಿಲ್ಲ. ಕೆಳಗಿನ ಹೊಲ ಪೂರ್ತಿ ಒಂದನೇ ದರ್ಜೆಯ ಮಣ್ಣು ಎಂದಿದ್ದಾರೆ. ಆ ಮೂಲೆಯಲ್ಲಿ ಉಪ್ಪು ಏಳುತ್ತದೆ, ಏನು ಹಾಕಿದರೂ ಹಳದಿಯಾಗಿ ಸಾಯುತ್ತದೆ. ಒಪ್ಪದಿದ್ದರೆ ಮೇಲ್ಮನವಿ ಹಾಕಬಹುದೆಂದು ಕೊನೆಯಲ್ಲಿ ಬರೆದಿದ್ದಾರೆ. ಅದೊಂದರ ಮೇಲೆ ಹಾಕುತ್ತೇನೆ.

ಅಮ್ಮ ಐದನೇ ಪುಟ ಓದುತ್ತಿದ್ದಾಗ ಗೋಡೆಯಾಚೆಯಿಂದ ಮಾತು ಬಂತು. “ಅಣ್ಣ, ಆ ಮೂಲೇಲಿ ಉಪ್ಪು ಏಳೋದು ನಂಗೂ ಗೊತ್ತು. ಕರೆದ್ರೆ ಬಂದು ಹೇಳ್ತೀನಿ. ಬಾವಿ ಮಾತು ಎತ್ತಿದ್ರೆ ಮಾತ್ರ ಅಲ್ಲೇ ಜಗಳ.” ಅಮ್ಮ ಎರಡು ಲೋಟದ ಬದಲು ನಾಲ್ಕು ಲೋಟ ಚಹಾ ಮಾಡಿದಳು. ಅದು ಅವಳ ಕೆಲಸ, ನಾನು ಹೇಳಿದ್ದಲ್ಲ.

ಮೇಲ್ಮನವಿಗೆ ಏನೇನು ಕಾಗದ ಬೇಕು ಎಂದು ಅಳಿಯಂದಿರನ್ನು ಕೇಳಿ ಬರೆ. ಬೇಡ, ಕೇಳಬೇಡ. ಸೋಮವಾರ ನಾನೇ ಬಂದು ಆಫೀಸಿನ ಕಿಟಕಿಯಲ್ಲಿ ಕೇಳುತ್ತೇನೆ. ತಮ್ಮನಿಗೂ ಬರಲು ಹೇಳಬೇಕು. ನಾನು ಕಿಟಕಿಯಲ್ಲಿ ಏನು ಕೇಳಿದೆ, ಅವರು ಏನು ಹೇಳಿದರು ಎನ್ನುವುದು ಅವನಿಗೂ ಗೊತ್ತಿರಬೇಕಲ್ಲ.

ಅಪ್ಪ